ಮಗಳ ಓದಿನ ಲೈಟು, ಮೂರು ತಿಂಗಳ ಕರೆಂಟ್ ಬಿಲ್ಲು

(ಹೆಸರು, ಓಣಿ, ಮನೆಯವರ ಕೆಲಸದ ಕೆಲವು ವಿವರ ಬದಲಿಸಿದ್ದೇನೆ. ಬರೆಯಲು ಅವರ ಒಪ್ಪಿಗೆ ಇದೆ.)

ದಾವಣಗೆರೆಯ ಒಂದು ಹೈಸ್ಕೂಲಿನ ಟೀಚರ್ ಕಳಿಸಿದ ಪ್ರಕರಣ ಇದು. ಹತ್ತನೇ ಕ್ಲಾಸಿನ ಹುಡುಗಿ. ಚೆನ್ನಾಗಿ ಓದುತ್ತಿದ್ದವಳು ಇದ್ದಕ್ಕಿದ್ದಂತೆ ಹೋಂವರ್ಕ್ ತರುವುದನ್ನು ಬಿಟ್ಟಳು. ಒಂದು ದಿನ ಕೆನ್ನೆ ಊದಿಕೊಂಡು ಬಂದಳು. ಟೀಚರ್ ತಾಯಿಯನ್ನು ಕರೆಸಿ ಕೇಳಿದರು. ತಾಯಿ ಅಲ್ಲೇ ಅಳುತ್ತಾ ನಿಂತುಬಿಟ್ಟರು. ಟೀಚರ್ ಬೈಯದೆ ನಮ್ಮ ಸಲಹಾ ಕೇಂದ್ರದ ವಿಳಾಸ ಕೊಟ್ಟರು. ಅವರು ಹಾಗೆ ಮಾಡಿದ್ದರಿಂದಲೇ ಮುಂದಿನದೆಲ್ಲ ಆಯಿತು.

ತಾಯಿಯನ್ನು ಇಲ್ಲಿ ಮಂಜಮ್ಮ ಎಂದು ಕರೆಯುತ್ತೇನೆ. ಮೂವತ್ತೆಂಟರ ಆಸುಪಾಸು. ಮಂಡಕ್ಕಿ ಭಟ್ಟಿಯಲ್ಲಿ ಚೀಲ ತುಂಬುವ ಕೆಲಸ. ಗಂಡ ಎ.ಪಿ.ಎಂ.ಸಿ. ಯಾರ್ಡಿನಲ್ಲಿ ಹಮಾಲಿ. ಕಳೆದ ವರ್ಷ ಸೊಂಟಕ್ಕೆ ಪೆಟ್ಟಾದ ಮೇಲೆ ವಾರದಲ್ಲಿ ಎರಡು ಮೂರು ದಿನ ಮಾತ್ರ ಹೋಗುತ್ತಾರೆ. ಮನೆಯಲ್ಲಿ ಅತ್ತೆ, ಮಗಳು, ಚಿಕ್ಕ ಮಗ. ಒಟ್ಟು ಐದು ಜನ.

ಮಂಜಮ್ಮ ಮೊದಲು ಹೇಳಿದ್ದು ನಿದ್ದೆ ಬರುವುದಿಲ್ಲ ಅಂತ. ಆಮೇಲೆ, "ಮೇಡಂ, ರಾತ್ರಿ ಮನ್ಯಾಗ ಲೈಟ್ ಹತ್ತಿದ್ದು ಕಂಡ್ರ ಎದಿ ಝಲ್ ಅಂತೈತಿ" ಎಂದರು. ರಾತ್ರಿ ಎಂಟಾದರೆ ಮೇನ್ ಸ್ವಿಚ್ ಆರಿಸುತ್ತಿದ್ದರಂತೆ. ಮಗಳು ಮೊಬೈಲ್ ಟಾರ್ಚ್ ಹಿಡಿದು ಓದುತ್ತಿದ್ದಳು. ಒಂದು ರಾತ್ರಿ ಎದ್ದು ಸದ್ದಿಲ್ಲದೆ ಮೇನ್ ಹಾಕಿ ಲೈಟ್ ಹಚ್ಚಿಕೊಂಡಳು. ಅವತ್ತೇ ಹೊಡೆತ ಬಿದ್ದದ್ದು.

ಕಾರಣ ಕೇಳಿದಾಗ ಬ್ಯಾಗಿನಿಂದ ಮೂರು ಬಿಲ್ ತೆಗೆದರು. ಗಂಡನಿಗೆ ಗೊತ್ತಾಗಬಾರದು ಅಂತ ಗೋಧಿ ಡಬ್ಬಿಯಲ್ಲಿ ಮುಚ್ಚಿಟ್ಟಿದ್ದರು. ಪ್ರತಿ ಬಿಲ್ಲೂ ಸಾವಿರದ ಮೇಲೆ. ಒಟ್ಟು ಬಾಕಿ 3,200 ರೂಪಾಯಿ ಮುಟ್ಟಿತ್ತು. ಮನೆ ಮಾಲೀಕರು "ನಾಳೆ ನಾಡಿದ್ದರಲ್ಲಿ ಲೈನ್‌ಮ್ಯಾನ್ ಬಂದು ಫ್ಯೂಸ್ ಕೀಳ್ತಾನೆ" ಎಂದಿದ್ದರು. ಹಿಂದಿನ ಮನೆಯಲ್ಲಿ ಗೃಹಜ್ಯೋತಿ (ಮನೆಗಳಿಗೆ ಉಚಿತ ಕರೆಂಟ್ ಕೊಡುವ ರಾಜ್ಯ ಸರ್ಕಾರದ ಯೋಜನೆ) ಇದ್ದದ್ದರಿಂದ ಬಿಲ್ ಸೊನ್ನೆ ಬರುತ್ತಿತ್ತು. ಹೊಸ ಮನೆಗೆ ಬಂದ ಮೇಲೆ ಏನಾಯಿತು ಅನ್ನುವುದೇ ಅವರಿಗೆ ತಿಳಿದಿರಲಿಲ್ಲ. ಯಾರನ್ನೂ ಕೇಳಿರಲಿಲ್ಲ. "ಬಿಟ್ಟಿ ಕರೆಂಟ್ ಕೇಳಾಕ ಬಂದ್ಲು ಅಂತ ಆಡ್ಕೊಂತಾರ" ಅನ್ನುವ ಭಯ ಅವರನ್ನು ಕಟ್ಟಿಹಾಕಿತ್ತು.

ಈ ಮಾತು ನಾನು ಬಹಳ ಹೆಂಗಸರ ಬಾಯಲ್ಲಿ ಕೇಳಿದ್ದೇನೆ. ದುಡಿದು ತಿನ್ನುವವರಿಗೇ ಈ ನಾಚಿಕೆ ಜಾಸ್ತಿ. ಅವರಿಗೆ ನೇರವಾಗಿ ಹೇಳಿದೆ: ನಿಯಮದ ಪ್ರಕಾರ ನಿಮಗೆ ಸಿಗಬೇಕಾದದ್ದನ್ನು ಕೇಳುವುದಕ್ಕೆ ತಲೆ ತಗ್ಗಿಸಬೇಕಾಗಿಲ್ಲ. ಮನೆ ಮನೆಗೆ ಬೆಳಕು ಬರಲಿ ಅಂತಲೇ ಈ ಯೋಜನೆ ಇರುವುದು.

ಮಗಳಿಗೆ ಹೊಡೆದದ್ದನ್ನು ನಾನು ಸಣ್ಣದು ಮಾಡಲಿಲ್ಲ. ಕಷ್ಟ ಇತ್ತು ಅನ್ನುವುದು ನಿಜ, ಆದರೆ ಕೆನ್ನೆ ಊದಿದ್ದು ಆ ಹುಡುಗಿಯದು. ಹುಡುಗಿಯ ಜೊತೆ ಬೇರೆಯಾಗಿ ಮಾತಾಡಿದೆ. ಬಾಕಿಯ ವಿಷಯ ಅವಳಿಗೆ ಗೊತ್ತೇ ಇರಲಿಲ್ಲ. "ಅವ್ವಗ ನಾನು ಓದೋದು ಬ್ಯಾಡಾಗೈತಿ, ಭಟ್ಟಿಗೆ ಕರ್ಕೊಂಡು ಹೋಗಬೇಕು ಅಂತ ಮಾಡ್ಯಾಳ" ಎಂದು ತಿಳಿದಿದ್ದಳು. ತಾಯಿ ಬಾಯಿ ಬಿಡದ್ದಕ್ಕೆ ಮಗಳು ತನ್ನದೇ ಅರ್ಥ ಕಟ್ಟಿಕೊಂಡಿದ್ದಳು. ಈ ಪ್ರಕರಣದಲ್ಲಿ ನನಗೆ ಎಲ್ಲಕ್ಕಿಂತ ಸಂಕಟವಾದದ್ದು ಇದು.

ಮುಂದಿನ ಭೇಟಿಗೆ ತಾಯಿ ಮಗಳು ಇಬ್ಬರನ್ನೂ ಕೂರಿಸಿಕೊಂಡು ಲೆಕ್ಕ ಹಾಕಿದೆವು. ಬಿಲ್ಲಿನ ಪ್ರಕಾರ ತಿಂಗಳಿಗೆ ಸುಮಾರು 140 ಯೂನಿಟ್. ಒಂದು ಯೂನಿಟ್ ಅಂದರೆ ಸಾವಿರ ವ್ಯಾಟಿನ ಸಾಮಾನು ಒಂದು ಗಂಟೆ ನಡೆದಷ್ಟು. ಯೂನಿಟ್ಟಿಗೆ ಸುಮಾರು ಆರು ರೂಪಾಯಿ, ಅದರ ಮೇಲೆ ನಿಗದಿತ ಶುಲ್ಕ, ತೆರಿಗೆ. ಮಗಳು ಓದುವ ಬಲ್ಬ್ 9 ವ್ಯಾಟಿನ ಎಲ್.ಇ.ಡಿ. ಅದು ಒಂದು ಯೂನಿಟ್ ಉರಿಸಲು 111 ಗಂಟೆ ಬೇಕು. ದಿನಕ್ಕೆ ನಾಲ್ಕು ಗಂಟೆ ಓದಿದರೂ ತಿಂಗಳಿಗೆ ಒಂದು ಯೂನಿಟ್ ಚಿಲ್ಲರೆ. ಆರೇಳು ರೂಪಾಯಿ. ಹುಡುಗಿಯೇ ಭಾಗಾಕಾರ ಮಾಡಿ ತಾಯಿಗೆ ತೋರಿಸಿದಳು. ಮಂಜಮ್ಮ ನಂಬಲಿಲ್ಲ. ಇನ್ನೊಮ್ಮೆ ಮಾಡು ಅಂದರು.

ಹಾಗಾದರೆ ಉಳಿದದ್ದು ಎಲ್ಲಿ ಹೋಯಿತು? ಬೆಳಗ್ಗೆಯಿಂದ ರಾತ್ರಿವರೆಗೆ ಮನೆಯಲ್ಲಿ ಏನೇನು ನಡೆಯುತ್ತದೆ ಹೇಳಿ ಅಂದೆ. ಹಳೆ ಮನೆಯಲ್ಲಿ ಹಿತ್ತಲಲ್ಲಿ ಹಂಡೆ ಒಲೆ ಇತ್ತು. ಹೊಸ ಬಡಾವಣೆಯ ಈ ಮನೆಗೆ ಹೊಸದಾಗಿ ಬಣ್ಣ ಹೊಡೆಸಿದ್ದಾರೆ, ಹೊಗೆ ಹಾಕಬಾರದು ಅಂತ ಮಾಲೀಕರ ಕಟ್ಟಪ್ಪಣೆ. ಅದಕ್ಕೆ ಸಂತೆಯಲ್ಲಿ ನೀರು ಕಾಯಿಸುವ ಕಾಯಿಲ್ ತಂದಿದ್ದರು. 1500 ವ್ಯಾಟ್. ಬೆಳಗ್ಗೆ ಐದಕ್ಕೆ ಬಕೆಟ್ಟಿಗೆ ಇಳಿಬಿಟ್ಟರೆ ಒಬ್ಬರಾದ ಮೇಲೆ ಒಬ್ಬರಂತೆ ಏಳರ ತನಕ. ಎರಡು ಗಂಟೆಗೆ ಮೂರು ಯೂನಿಟ್, ತಿಂಗಳಿಗೆ 90. ಬಿಲ್ಲಿನ ಮೂರರಲ್ಲಿ ಎರಡು ಪಾಲು ಆ ಬಕೆಟ್ಟಿನಲ್ಲೇ ಹೋಗುತ್ತಿತ್ತು. ಮಗಳ ಬಲ್ಬಿಗೆ 111 ಗಂಟೆ ಬೇಕಾದ ಯೂನಿಟ್ಟನ್ನು ಕಾಯಿಲ್ 40 ನಿಮಿಷದಲ್ಲಿ ತಿಂದು ಮುಗಿಸುತ್ತದೆ. ಕಾಯಿಲ್ ಬೆಂಕಿಯ ಹಾಗೆ ಕಣ್ಣಿಗೆ ಕಾಣುವುದಿಲ್ಲ, ಬೆಳಕು ಕಾಣುತ್ತದೆ. ಹಾಗಾಗಿ ಭಯವೆಲ್ಲ ಬೆಳಕಿನ ಮೇಲೆ, ಬೆಳಕಿನ ಕೆಳಗೆ ಕೂತ ಮಗುವಿನ ಮೇಲೆ ಬಿತ್ತು.

ದುಡ್ಡಿನ ಬಿಗಿ ಬಂದಾಗ ಮನೆಯಲ್ಲಿ ಮೊದಲು ಕತ್ತರಿ ಬೀಳುವುದು ಎದುರು ಮಾತಾಡದವರ ಪಾಲಿಗೆ. ಇದನ್ನು ಮಂಜಮ್ಮನವರಿಗೆ ಹಾಗೇ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಅತ್ತೆಮ್ಮಗ ನೀರು ಬಿಸಿ ಇಲ್ದಿದ್ರ ಬೈತಾರ ಮೇಡಂ, ಇವಳು ಬೈಯಂಗಿಲ್ಲ" ಎಂದರು.

ಇನ್ನು ಗೃಹಜ್ಯೋತಿಯ ವಿಷಯ. ಈ ಗಂಟು ಬಿಡಿಸಲು ಹೆಚ್ಚು ಹೊತ್ತು ಹಿಡಿಯಿತು. ಇದೇ ತೊಂದರೆ ಬಾಡಿಗೆ ಮನೆಯಲ್ಲಿರುವ ಎಷ್ಟೋ ಜನರಿಗೆ ಇರುವುದರಿಂದ ಬಿಡಿಸಿ ಬರೆಯುತ್ತೇನೆ.

ಯೋಜನೆ ಜಾರಿಗೆ ಬಂದದ್ದು 2023ರ ಜುಲೈ ಬಳಕೆಯಿಂದ. ಎಲ್ಲರಿಗೂ 200 ಯೂನಿಟ್ ಉಚಿತ ಅಂತ ಜನ ತಿಳಿದಿದ್ದಾರೆ. ಆದರೆ 200 ಅನ್ನುವುದು ಮೇಲಿನ ಮಿತಿ. 2022-23ರ ತಿಂಗಳ ಸರಾಸರಿ ಬಳಕೆಯ ಮೇಲೆ ಸ್ವಲ್ಪ ಸೇರಿಸಿ ಪ್ರತಿ ಮನೆಗೂ ಒಂದು ಅರ್ಹತೆ ನಿಗದಿ ಮಾಡಿದ್ದಾರೆ. ಹಳೆಯ ಲೆಕ್ಕ ಇಲ್ಲದ ಹೊಸ ಮನೆಗೆ 58 ಯೂನಿಟ್. ಅರ್ಹತೆ ದಾಟಿ 200ರ ಒಳಗಿದ್ದರೆ ದಾಟಿದಷ್ಟಕ್ಕೆ ಮಾತ್ರ ದುಡ್ಡು. ಒಂದು ತಿಂಗಳು 200 ದಾಟಿತೋ, ಆ ತಿಂಗಳಿನ ಇಡೀ ಬಿಲ್ ಕಟ್ಟಬೇಕು. ಬಾಡಿಗೆಯವರೂ ಅರ್ಹರೇ. ಆದರೆ ಒಂದು ಆಧಾರ್‌ಗೆ ಒಂದೇ ಮೀಟರ್.

ಮಂಜಮ್ಮನವರ ಆಧಾರ್ ಹಳೆ ಮನೆಯ ಮೀಟರಿಗೆ ಜೋಡಿಸಿಕೊಂಡೇ ಇತ್ತು. ಮನೆ ಬಿಟ್ಟರೂ ಜೋಡಣೆ ಬಿಟ್ಟಿರಲಿಲ್ಲ. ಮನೆ ಬದಲಿಸಿದವರು ಮೊದಲು ಹಳೆಯದನ್ನು ಡಿಲಿಂಕ್ ಮಾಡಬೇಕು, ಅಂದರೆ ಆ ಜೋಡಣೆ ಬಿಡಿಸಬೇಕು. ಅದಕ್ಕೆ ರಾಜ್ಯ ಸರ್ಕಾರದ ಸೇವಾಸಿಂಧು ವೆಬ್‌ಸೈಟಿನಲ್ಲಿ ಅವಕಾಶ ಇದೆ. ಆಧಾರ್‌ಗೆ ಕೊಟ್ಟ ಮೊಬೈಲಿಗೆ ಓ.ಟಿ.ಪಿ. ಬರುತ್ತದೆ. ಮಂಜಮ್ಮನವರ ಆ ಸಿಮ್ ರೀಚಾರ್ಜ್ ಇಲ್ಲದೆ ಎಂದೋ ಸತ್ತುಹೋಗಿತ್ತು. ಮೊದಲು ಆಧಾರ್ ಕೇಂದ್ರದಲ್ಲಿ ಈಗಿನ ನಂಬರ್ ಕೊಡಿಸಿದೆವು. ಅದು ಸೇರಿದ ಮೇಲೆ ಡಿಲಿಂಕ್, ಆಮೇಲೆ ಹೊಸ ಮನೆಯ ನೋಂದಣಿ. ಈ ಕ್ರಮ ತಪ್ಪಿದರೆ ಸುಮ್ನೆ ಅಲೆದಾಟ.

ಹೊಸ ಮನೆಗೆ ಬಾಡಿಗೆ ಕರಾರು ಇರಲಿಲ್ಲ, ಬಾಯಿಮಾತಿನ ಬಾಡಿಗೆ. ಕರಾರು ಕೇಳಿದ್ದಕ್ಕೆ ಮಾಲೀಕರು ಹಿಂಜರಿದರು. ಬಾಡಿಗೆಯವರ ಆಧಾರ್ ಸೇರಿದರೆ ನಾಳೆ ಮನೆ ಮೇಲೆ ಹಕ್ಕು ಕೇಳಿಬಿಟ್ಟರೆ ಅನ್ನುವ ಭಯ. ಅವರನ್ನು ಕಂಡು ಮಾತಾಡಿದೆ. ಆರ್.ಆರ್. ನಂಬರ್ (ಕರೆಂಟ್ ಸಂಪರ್ಕದ ಖಾತೆ ಸಂಖ್ಯೆ) ಮಾಲೀಕರ ಹೆಸರಿನಲ್ಲೇ ಉಳಿಯುತ್ತದೆ, ಈ ನೋಂದಣಿಯಿಂದ ಮನೆಯ ಮೇಲೆ ಯಾವ ಹಕ್ಕೂ ಹುಟ್ಟುವುದಿಲ್ಲ ಅಂತ ತಿಳಿಸಿದೆ. ಬಾಡಿಗೆಯವರು ಬಿಲ್ ಕಟ್ಟದಿದ್ದರೆ ಬಾಕಿ ಕೊನೆಗೆ ನಿಮ್ಮ ಮೀಟರ್ ಮೇಲೇ ನಿಲ್ಲುತ್ತದೆ ಅಲ್ವಾ ಅಂದಾಗ ಒಪ್ಪಿದರು. ಛಾಪಾ ಕಾಗದದ ಮೇಲೆ ಕರಾರು ಆಯಿತು.

ಹಳೆಯ 3,200 ಮಾತ್ರ ಯೋಜನೆಯಲ್ಲಿ ಕರಗುವುದಿಲ್ಲ. ನೋಂದಣಿಗೆ ಮುಂಚಿನ ಬಾಕಿ ಕಟ್ಟಲೇಬೇಕು. ಮಂಜಮ್ಮ ಒಬ್ಬರ ಹತ್ತಿರ ಮೀಟರ್ ಬಡ್ಡಿಗೆ, ಅಂದರೆ ಓಡುವ ಮೀಟರಿನಂತೆ ಏರುತ್ತಲೇ ಹೋಗುವ ಬಡ್ಡಿಗೆ, ಸಾಲ ಮಾತಾಡಿಕೊಂಡೇ ಬಂದಿದ್ದರು. ದಯವಿಟ್ಟು ಬೇಡ ಅಂದೆ. ಕರೆಂಟ್ ಬಾಕಿಗೆ ದಾರಿ ಇದೆ, ಆ ಬಡ್ಡಿಗೆ ದಾರಿ ಇಲ್ಲ. "ನಾಳೆ ಫ್ಯೂಸ್ ಕೀಳ್ತಾರೆ" ಅನ್ನುವ ಹೆದರಿಕೆಗೂ ಉತ್ತರ ಇದೆ: 2003ರ ವಿದ್ಯುತ್ ಕಾಯ್ದೆಯ 56ನೇ ಕಲಮಿನ ಪ್ರಕಾರ ಬಾಕಿಗಾಗಿ ಲೈನ್ ಕಡಿಯುವ ಮುಂಚೆ ಕನಿಷ್ಠ 15 ಪೂರ್ತಿ ದಿನಗಳ ಲಿಖಿತ ನೋಟಿಸ್ ಕೊಡಬೇಕು. ಹಾಗಂತ ಸುಮ್ಮನೆ ಕೂರಬಾರದು, ಆ ದಿನಗಳನ್ನು ಬಳಸಿಕೊಳ್ಳಬೇಕು. ಬೆಸ್ಕಾಂ (ಇಲ್ಲಿ ಕರೆಂಟ್ ಕೊಡುವ ಕಂಪನಿ) ಉಪವಿಭಾಗದ ಕಚೇರಿಗೆ ಕಂತಿನಲ್ಲಿ ಕಟ್ಟಲು ಅವಕಾಶ ಕೊಡಿ ಅಂತ ಅರ್ಜಿ ಬರೆಸಿದೆ. ಗಂಡನ ಆಸ್ಪತ್ರೆ ಚೀಟಿಯ ನಕಲು ಲಗತ್ತಿಸಿದೆವು. ಕಂತು ಕೊಡುವುದು ಬಿಡುವುದು ಅಧಿಕಾರಿಗೆ ಬಿಟ್ಟದ್ದು. ಕೈಯಲ್ಲಿ ಮೊದಲ ಕಂತು ಹಿಡಿದು ಹೋದರೆ ಕೇಳುವ ಮಾತಿಗೆ ತೂಕ ಬರುತ್ತದೆ. ಇವರು ಸಾವಿರ ಕಟ್ಟಿದರು, ಉಳಿದದ್ದಕ್ಕೆ ಎರಡು ಕಂತು ಸಿಕ್ಕಿತು.

ಆ ಸಾವಿರ ಎಲ್ಲಿಂದ ಬಂತು ಅನ್ನುವುದನ್ನೂ ಹೇಳಬೇಕು. ಅಷ್ಟು ಹೊತ್ತಿಗೆ ಗಂಡನಿಗೆ ವಿಷಯ ಹೇಳುವುದು ಅಂತ ತೀರ್ಮಾನವಾಗಿತ್ತು. ಹೇಗೆ ಹೇಳುವುದು ಅಂತ ನನ್ನ ಮುಂದೆ ಒಮ್ಮೆ ಹೇಳಿ ನೋಡಿದರು. ನಿಮ್ಮ ದುಡಿಮೆ ನಿಂತಿತು ಅಂತ ಶುರು ಮಾಡಬೇಡಿ, ಬಿಲ್ಲುಗಳನ್ನು ಮುಂದಿಟ್ಟು ಹೀಗಾಗಿದೆ, ಏನು ಮಾಡೋಣ ಅಂತ ಕೇಳಿ ಅಂದಿದ್ದೆ. ಅವರು ರೇಗಲಿಲ್ಲ. ಯಾರ್ಡಿನ ಗೆಳೆಯರೊಬ್ಬರಿಂದ ಬಡ್ಡಿಯಿಲ್ಲದೆ ಕೈಗಡ ತಂದುಕೊಟ್ಟರು. ಮೂರು ತಿಂಗಳು ಬಚ್ಚಿಟ್ಟಿದ್ದಕ್ಕೆ ಬೇಜಾರು ಮಾಡಿಕೊಂಡರಂತೆ, ಅಷ್ಟೇ.

ಸ್ನಾನದ ನೀರಿಗೆ ಪರಿಹಾರ ಕಂಡುಹಿಡಿದದ್ದು ಮನೆಯವರೇ. ದಾವಣಗೆರೆಯ ಬಿಸಿಲಿನಲ್ಲಿ ತಾರಸಿಯ ಮೇಲೆ ಕಪ್ಪು ಬಣ್ಣ ಬಳಿದ ಎರಡು ಕ್ಯಾನ್ ಇಟ್ಟರು. ಮಕ್ಕಳಿಗೂ ಗಂಡ ಹೆಂಡತಿಗೂ ಸ್ನಾನ ಸಂಜೆಗೆ. ಅತ್ತೆಗೆ ಮಾತ್ರ ಬೆಳಗ್ಗೆ ಒಂದು ಬಕೆಟ್, ಕಾಯಿಲ್ಲಿನಲ್ಲಿ ಇಪ್ಪತ್ತೈದು ನಿಮಿಷ. ಮೊದಲು ಪ್ಲಗ್ ತೆಗೆದು, ಆಮೇಲೆ ನೀರಿಗೆ ಕೈ ಹಾಕಿ ಅಂತ ಎಲ್ಲರಿಗೂ ಒತ್ತಿ ಹೇಳಿದ್ದೇನೆ. ಮಳೆಗಾಲಕ್ಕೆ ಬೇರೆ ಯೋಚನೆ ಬೇಕಾಗುತ್ತದೆ.

ಮೀಟರ್ ಓದುವ ಜವಾಬ್ದಾರಿ ಮಗಳಿಗೆ ಕೊಟ್ಟೆವು. ಡಿಜಿಟಲ್ ಮೀಟರಿನಲ್ಲಿ ದಿನಾಂಕ, ಸಮಯ, ವೋಲ್ಟೇಜ್ ಎಲ್ಲ ಒಂದರ ಹಿಂದೆ ಒಂದು ಬಂದುಹೋಗುತ್ತವೆ. ಕೆ.ಡಬ್ಲ್ಯೂ.ಎಚ್. ಅಂತ ಬಂದಾಗ ಕಾಣುವ ಅಂಕಿಯನ್ನು ಮಾತ್ರ ಬರೆದುಕೊಳ್ಳಬೇಕು. ಪ್ರತಿ ಭಾನುವಾರ ಅವಳು ಬರೆಯುತ್ತಾಳೆ, ಹಿಂದಿನ ವಾರದ್ದನ್ನು ಕಳೆದು ತಾಯಿಗೆ ಹೇಳುತ್ತಾಳೆ. ಇದರಿಂದ ಬಿಲ್ ಬರುವ ತನಕ ಹೆದರುತ್ತಾ ಕೂರುವುದು ತಪ್ಪಿತು. ಮಗಳ ಹತ್ತಿರ "ತಪ್ಪಾತು" ಅಂತ ಬಾಯಿಬಿಟ್ಟು ಹೇಳಿ ಅಂತಲೂ ಮಂಜಮ್ಮನವರಿಗೆ ಹೇಳಿದ್ದೆ. ದೊಡ್ಡವರು ಮಕ್ಕಳ ಹತ್ತಿರ ಹಾಗೆ ಹೇಳುವ ರೂಢಿ ನಮ್ಮಲ್ಲಿ ಕಡಿಮೆ. ಅವರು ಹೇಳಿದರು.

ನೋಂದಣಿಯಾದ ಮೇಲಿನ ಮೊದಲ ಬಿಲ್ಲಿನಲ್ಲಿ ಬಳಕೆ 71 ಯೂನಿಟ್, ಅರ್ಹತೆ 58. ಕಟ್ಟಬೇಕಾದದ್ದು 13 ಯೂನಿಟ್ಟಿನದು.

ಗ್ಯಾಸ್ ವಿಷಯ ಇನ್ನೂ ಬಾಕಿ ಇದೆ. ಅತ್ತೆಯ ಹೆಸರಿನಲ್ಲಿ ಕೇಂದ್ರ ಸರ್ಕಾರದ ಉಜ್ವಲ ಯೋಜನೆಯ ಗ್ಯಾಸ್ ಸಂಪರ್ಕ ಇದೆ. 14.2 ಕೆ.ಜಿ. ಸಿಲಿಂಡರಿಗೆ 300 ರೂಪಾಯಿ ಸಬ್ಸಿಡಿ ಬರಬೇಕು. 2025-26ಕ್ಕೆ ವರ್ಷಕ್ಕೆ 9 ಸಿಲಿಂಡರ್ ತನಕ. ಅದು ಬರುತ್ತಿಲ್ಲ. ಅವರ ಬ್ಯಾಂಕ್ ಖಾತೆ ಬಹಳ ದಿನ ಬಳಸದೆ ನಿಂತಿದೆ, ಗ್ಯಾಸ್ ಏಜೆನ್ಸಿಯಲ್ಲಿ ಬೆರಳಚ್ಚು ಕೊಟ್ಟು ಮಾಡಿಸುವ ಗುರುತಿನ ಪರಿಶೀಲನೆ (ಇ-ಕೆವೈಸಿ) ಕೂಡ ಆಗಿಲ್ಲ. ಖಾತೆ ಚಾಲೂ ಮಾಡಿಸಿ, ಇ-ಕೆವೈಸಿ ಮುಗಿಸಿ ಅಂತ ಬರೆದುಕೊಟ್ಟಿದ್ದೇನೆ. ಅತ್ತೆಗೆ ಮಂಡಿ ನೋವು, ಆಟೋದಲ್ಲೇ ಕರೆದುಕೊಂಡು ಹೋಗಬೇಕು.

ಮಂಜಮ್ಮನವರ ನಿದ್ದೆ ಸ್ವಲ್ಪ ಸುಧಾರಿಸಿದೆ, ಪೂರ್ತಿ ಅಲ್ಲ. ರಾತ್ರಿ ಎದೆ ಹೊಡೆದುಕೊಂಡರೆ 14416ಕ್ಕೆ ಫೋನ್ ಮಾಡಿ ಅಂತ ನಂಬರ್ ಕೊಟ್ಟಿದ್ದೇನೆ. ಅದು ಟೆಲಿ ಮಾನಸ್ ಸಹಾಯವಾಣಿ, ಉಚಿತ, ಹಗಲು ರಾತ್ರಿ ಸಿಗುತ್ತದೆ, ಕನ್ನಡದಲ್ಲೇ ಮಾತಾಡಬಹುದು. ಇನ್ನೊಂದು ತಿಂಗಳಲ್ಲಿ ಸರಿಹೋಗದಿದ್ದರೆ ಜಿಲ್ಲಾಸ್ಪತ್ರೆಯ ಮಾನಸಿಕ ಆರೋಗ್ಯ ವಿಭಾಗಕ್ಕೆ ಕಳಿಸುತ್ತೇನೆ.

ಇದೇ ಥರ ಬಿಲ್ ಬಚ್ಚಿಟ್ಟು ಕೂತವರು ಯಾರಾದರೂ ಇದನ್ನು ಓದುತ್ತಿದ್ದರೆ, ಕೊನೆಯ ಮೂರು ಬಿಲ್, ಆಧಾರ್, ಬಾಡಿಗೆ ಕರಾರು ಅಥವಾ ವೋಟರ್ ಐಡಿ ತೆಗೆದುಕೊಂಡು ಹತ್ತಿರದ ಕರ್ನಾಟಕ ಒನ್ ಅಥವಾ ಗ್ರಾಮ ಒನ್ ಕೇಂದ್ರಕ್ಕೆ ಹೋಗಿ. ಬೆಸ್ಕಾಂ ಸಹಾಯವಾಣಿ 1912. ಬಿಲ್ಲಿನ ಕೊನೆಯ ದಿನಾಂಕ ದಾಟುವ ಮುಂಚೆ ಹೋಗಿ, ಮನೆಯಲ್ಲಿ ಒಬ್ಬರಿಗಾದರೂ ಹೇಳಿ ಹೋಗಿ.