ಹಳೇ ಕ್ಯಾಸೆಟ್‌ನಲ್ಲಿ ಸೋಮನ ಕುಣಿತ

ಪ್ರಶ್ನೆ: ಊರ ಹಬ್ಬದಲ್ಲಿ 30 ವರ್ಷದ ಹಿಂದೆ ತೆಗೆಸಿದ ಸೋಮನ ಕುಣಿತದ ವಿಎಚ್‌ಎಸ್ ಕ್ಯಾಸೆಟ್ ಇದೆ. ಕಂಪ್ಯೂಟರ್‌ಗೆ ಇಳಿಸಲು ಹೋದರೆ ಚಿತ್ರ ಕಪ್ಪು-ಬಿಳುಪಾಗಿ ಉರುಳುತ್ತದೆ. ಏನು ಮಾಡಲಿ?
– ಓದುಗರು, ತಿಪಟೂರು

ಉತ್ತರ: ಕ್ಯಾಸೆಟ್ ಕೆಟ್ಟಿರಲಿಕ್ಕಿಲ್ಲ, ಕ್ಯಾಪ್ಚರ್ ಸಾಧನ (ವಿಸಿಆರ್‌ನ ಚಿತ್ರವನ್ನು ಕಂಪ್ಯೂಟರ್‌ಗೆ ಇಳಿಸುವ ಪೆಟ್ಟಿಗೆ) ಎನ್‌ಟಿಎಸ್‌ಸಿ ಎಂಬ ಅಮೆರಿಕದ ಟಿವಿ ಮಾದರಿಯಲ್ಲಿರಬೇಕು. ನಮ್ಮ ದೇಶದ್ದು ಪಾಲ್ ಎಂಬ ಮಾದರಿ: 720×576, ಸೆಕೆಂಡಿಗೆ 25 ಫ್ರೇಮ್. ಅದಕ್ಕೆ ಬದಲಿಸಿ.

ಅದಕ್ಕೂ ಮೊದಲು ಕ್ಯಾಸೆಟ್ಟಿನ ಕಿಟಕಿಯಲ್ಲಿ ಟೇಪಿನ ಸುರುಳಿ ನೋಡಿ. ಬಿಳಿ ಬೂಷ್ಟು ಕಂಡರೆ ವಿಸಿಆರ್‌ಗೆ ಹಾಕಲೇಬೇಡಿ. ಹೆಡ್ಡಿಗೆ ಮೆತ್ತಿಕೊಂಡು ಮುಂದಿನ ಕ್ಯಾಸೆಟ್ಟಿಗೂ ಅಂಟುತ್ತದೆ. ಚೊಕ್ಕವಿದ್ದರೆ, ಮೇಲೆ ರೆಕಾರ್ಡ್ ಆಗದಂತೆ ಬೆನ್ನಿನ ಪ್ಲಾಸ್ಟಿಕ್ ಚಕ್ಕೆ ಮುರಿದು, ಒಮ್ಮೆ ಕೊನೆವರೆಗೆ ಓಡಿಸಿ, ಹಿಂದಕ್ಕೆ ಸುತ್ತಿ, ಆಮೇಲೆ ಪ್ಲೇ ಮಾಡಿ.

ಕುಣಿತದ ಟೇಪಿನಲ್ಲಿ ಬಹುತೇಕರು ಎಡವುವುದು ಇಲ್ಲಿ: ಒಂದೊಂದು ಫ್ರೇಮಿನಲ್ಲೂ ಎರಡು ಕ್ಷಣ ಗೆರೆಗೆರೆಯಾಗಿ ಹೆಣೆದಿರುತ್ತವೆ. ಡಿಇಂಟರ್‌ಲೇಸ್ ಮಾಡುವಾಗ (ಈ ಹೆಣೆದ ಗೆರೆಗಳನ್ನು ಬಿಡಿಸುವಾಗ) ಸೆಕೆಂಡಿಗೆ 50 ಫ್ರೇಮ್ ಆರಿಸಿ. 25 ಕೊಟ್ಟರೆ ಅರ್ಧ ಚಲನೆ ಹೋಗಿ, ಪಾದ ಯಾವಾಗ ನೆಲಕ್ಕೆ ಊರಿತು ಅನ್ನುವುದೇ ಗೊತ್ತಾಗುವುದಿಲ್ಲ.

ವೀಡಿಯೊದವರು ಸಿನಿಮಾ ಹಾಡು ತುಂಬಿ ಅರೆ ವಾದ್ಯದ ಸದ್ದು ನುಂಗಿಹಾಕಿದ್ದರೆ (ಆ ಕಾಲದ ಚಾಳಿ!) ಅದನ್ನು ಬೇರ್ಪಡಿಸುವುದು ಕಷ್ಟ. ಹಿರಿಯರನ್ನು ಕೂರಿಸಿಕೊಂಡು ತೋರಿಸಿ. ಯಾವ ಸೋಮನನ್ನು (ದೇವರ ಮುಖವಾಡವನ್ನು) ಯಾರು ಹೊತ್ತರು, ಅರೆ ಬಡಿದವರಾರು, ಎಷ್ಟನೇ ನಿಮಿಷದಲ್ಲಿ – ಬರೆದು ಅದೇ ಫೋಲ್ಡರಿನಲ್ಲಿ ಇಡಿ.