ಗಡಿಯಲ್ಲಿ ಪತಿ, ಕೈಯಲ್ಲಿ ಕಸೂತಿ

(ಗುರುತು ಸಿಗದಂತೆ ವಿವರಗಳನ್ನು ಬದಲಿಸಲಾಗಿದೆ.)

ಧಾರವಾಡ ಸೀಮೆಯ ಈ ಗೃಹಿಣಿಯ ಪತಿ ಜಮ್ಮು ಗಡಿಯಲ್ಲಿರುವ ಸೈನಿಕ. 2025ರ ಮೇ 7ರಂದು ಆಪರೇಷನ್ ಸಿಂಧೂರ ಆರಂಭವಾದಾಗ ಅವರ ಮೊಬೈಲ್ ಸಂಪರ್ಕ ಕಡಿದುಹೋಯಿತು. ಈಕೆ ರಾತ್ರಿಯಿಡೀ ಟಿವಿ ಮುಂದೆ ಕುಳಿತರು. ಮೇ 10ರಂದು ಗುಂಡಿನ ಸದ್ದು ನಿಲ್ಲಿಸುವ ಒಪ್ಪಂದವಾಗಿ, ಪತಿಯ ಕರೆ ಬಂದ ಮೇಲೂ ನಿದ್ದೆ ಮರಳಲಿಲ್ಲ. ಫೋನ್ ಸದ್ದಾದರೆ ಎದೆ ಡವಗುಟ್ಟುತ್ತಿತ್ತು.

“ಧೈರ್ಯದಿಂದಿರು ಎಂದು ಎಲ್ಲರೂ ಹೇಳುತ್ತಾರೆ ಮೇಡಂ, ಹೇಗಿರಬೇಕೆಂದು ಯಾರೂ ಹೇಳುವುದಿಲ್ಲ” ಎಂದು ಆಪ್ತಸಲಹೆಗೆ ಬಂದ ಅವರು ನನ್ನೊಂದಿಗೆ ಹೇಳಿಕೊಂಡರು. ಅದು ನ್ಯಾಯವಾದ ದೂರು. ಉಪದೇಶ ಅವರಿಗೆ ಸಾಕಾಗಿತ್ತು. ಬೇಕಿದ್ದದ್ದು ಮಾಡಲು ಒಂದು ಕೆಲಸ.

ಅತ್ತೆಯವರು ಕಸೂತಿ ಬಲ್ಲವರೆಂದು ತಿಳಿಯಿತು. ಸಂಜೆ ವಾರ್ತೆಯ ಹೊತ್ತಿನಲ್ಲೇ ಅವರ ಪಕ್ಕ ಕುಳಿತು ಕಲಿಯಿರಿ ಎಂದೆ. ಕಸೂತಿಗೆ ಬಟ್ಟೆಯ ಮೇಲೆ ಗೆರೆ ಹಾಕಿಕೊಳ್ಳುವುದಿಲ್ಲ, ಎಳೆ ಎಣಿಸಿಯೇ ಸೂಜಿ ಚುಚ್ಚಬೇಕು. ಗವಂತಿ ಎಂಬ ಹೊಲಿಗೆಯಲ್ಲಿ ಹೋಗುವಾಗ ಬಿಟ್ಟ ಜಾಗವನ್ನು ಮರಳುವಾಗ ತುಂಬಬೇಕು, ಹಿಂಬದಿಯಲ್ಲೂ ಗಂಟು ಕಾಣಬಾರದು. ಎಣಿಕೆಯಲ್ಲಿ ತೊಡಗಿದ ಮನಸ್ಸಿಗೆ ಕೆಟ್ಟದ್ದನ್ನು ಕಲ್ಪಿಸುತ್ತ ಕೂರಲು ಅಷ್ಟು ಸುಲಭಕ್ಕೆ ಬಿಡುವು ಸಿಗುವುದಿಲ್ಲ. ಭಯ ಹೋಗುತ್ತದೆಂದು ನಾನು ಭರವಸೆ ಕೊಡಲಿಲ್ಲ.

ಎರಡನೇ ಮಹಾಯುದ್ಧದ ಸಂಗತಿಯೊಂದನ್ನೂ ಹೇಳಿದೆ. 1942ರಲ್ಲಿ ಸಿಂಗಪುರದ ಚಾಂಗಿ ಸೆರೆಮನೆಯಲ್ಲಿ ಜಪಾನೀಯರ ವಶದಲ್ಲಿದ್ದ ಹೆಂಗಸರು ಬಟ್ಟೆಯ ಚೌಕಗಳ ಮೇಲೆ ತಮ್ಮ ಹೆಸರು, ಚಿತ್ರಗಳನ್ನು ಹೊಲಿದು, ಜೋಡಿಸಿ ಹೊದಿಕೆ ಮಾಡಿದರು. ಬೇರೆ ಶಿಬಿರದಲ್ಲಿದ್ದ ಗಂಡಂದಿರಿಗೆ ತಾವು ಬದುಕಿದ್ದೇವೆಂದು ತಿಳಿಸಲು ಅದೇ ದಾರಿಯಾಗಿತ್ತು. ಇದನ್ನು ಕೇಳಿ ಆಕೆ ಬಹಳ ಹೊತ್ತು ಅತ್ತರು. ನಾನು ತಡೆಯಲಿಲ್ಲ.

ನಿಜವಾದ ತೊಡಕು ಬಂದದ್ದು ಆಮೇಲೆ. ಕರವಸ್ತ್ರದ ಮೇಲಿನ ತುಳಸಿ ವೃಂದಾವನ ಪೂರ್ತಿಯಾಗದಿದ್ದರೆ, ಹೊಲಿಗೆ ತಪ್ಪಿದರೆ ಪತಿಗೆ ಕೇಡು ಎಂಬ ನಂಬಿಕೆ ಅವರಲ್ಲಿ ಬೆಳೆದಿತ್ತು. ನಡುರಾತ್ರಿಯಲ್ಲೂ ಹೊಲಿಯುತ್ತಿದ್ದರು. ಆಸರೆಯೇ ಹರಕೆಯಾಗಿತ್ತು. ಇಂಥದ್ದನ್ನು ಮನೆಯವರು ಭಕ್ತಿಯೆಂದು ಭಾವಿಸಿ ಸುಮ್ಮನಿರುತ್ತಾರೆ, ಅದು ಅಪಾಯಕರ.

ನಾನು ಕೊಟ್ಟ ಸಲಹೆ ಹೀಗಿತ್ತು: ಅತ್ತೆಯ ಎದುರಿಗೇ ಒಂದು ಸಾಲನ್ನು ಬೇಕೆಂದೇ ಬಿಚ್ಚಿ ಮತ್ತೆ ಹಾಕಿ. ಆಗ ಏಳುವ ಭಯವನ್ನು ಅತ್ತೆಗೆ ಬಾಯಿಬಿಟ್ಟು ಹೇಳಿ. ರಾತ್ರಿ ಊಟದ ನಂತರ ಸೂಜಿ ಪೆಟ್ಟಿಗೆ ಅವರ ಬಳಿಯೇ ಇರಲಿ. ವಾರ್ತೆ ಬೆಳಿಗ್ಗೆ ಒಮ್ಮೆ ಸಾಕು. ಪತಿ ಕರೆ ಮಾಡಿದಾಗ ಕಸೂತಿಯ ಸುದ್ದಿಯನ್ನೂ ಹೇಳಿ, ಚೆನ್ನಾಗಿದ್ದೇನೆಂದು ನಟಿಸಬೇಡಿ.

ನಿದ್ದೆ ಇನ್ನೂ ಪೂರ್ತಿ ಸುಧಾರಿಸಿಲ್ಲವಾದ್ದರಿಂದ ಮನೋವೈದ್ಯರ ಬಳಿ ಕಳುಹಿಸಿದ್ದೇನೆ. ಹೊತ್ತಲ್ಲದ ಹೊತ್ತಿನಲ್ಲಿ ಎದೆಬಡಿತ ಹೆಚ್ಚಿ ಮಾತನಾಡಬೇಕೆನಿಸಿದರೆ ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಕರೆ ಮಾಡುವಂತೆ ತಿಳಿಸಿದ್ದೇನೆ. ಅಲ್ಲಿ ಕನ್ನಡದಲ್ಲೇ ಮಾತನಾಡಬಹುದು.