ಸೂಟು ಬಿಡಿ ಸರ್, ಡ್ರಮ್ಸ್ ಕೇಳಿ

ಸರ್, ನಿಮ್ಮ ಪತ್ರ ಬಂತು. ಅರವತ್ತರ ದಶಕದ ಇಂಗ್ಲೆಂಡಿನ ಎರಡು ರಾಕ್ ಬ್ಯಾಂಡ್‌ಗಳಲ್ಲಿ, ಹೋದ ಸಂಚಿಕೇಲಿ ಬೀಟಲ್ಸ್‌ಗೆ ನಾಲ್ಕು ಪುಟ, ರೋಲಿಂಗ್ ಸ್ಟೋನ್ಸ್‌ಗೆ ಒಂದೇ ಕಾಲಂ, ಸೂಟು ಹಾಕ್ಕೊಂಡ ಒಳ್ಳೆ ಮನೆ ಹುಡುಗ್ರಿಗೆ ಮಣೆ ಹಾಕಿ ಬೀದಿ ಹುಡುಗ್ರನ್ನ ಹೊರಗೆ ನಿಲ್ಲಿಸಿದೀರ ಅಂತ ಚೆನ್ನಾಗೇ ಬೈದಿದೀರ. ಪುಟದ ವಿಷಯದಲ್ಲಿ ತಪ್ಪು ನಮ್ದೇ, ಒಪ್ಕೋತೀನಿ. ಆದ್ರೆ ಈ ಒಳ್ಳೆ ಮನೆ, ಬೀದಿ ಅನ್ನೋ ಲೆಕ್ಕ ಇದ್ಯಲ್ಲ, ಅದು ಪೂರ್ತಿ ಉಲ್ಟಾ. ಬೀಟಲ್ಸ್‌ನವ್ರು ಲಿವರ್‌ಪೂಲ್ ಅನ್ನೋ ಬಂದರಿನ ಊರಿನವ್ರು, ಜರ್ಮನಿಯ ಹ್ಯಾಂಬರ್ಗ್‌ನ ಕ್ಲಬ್‌ಗಳಲ್ಲಿ ಲೆದರ್ ಜಾಕೆಟ್ ಹಾಕ್ಕೊಂಡು ರಾತ್ರಿಯೆಲ್ಲ ಬಾರಿಸಿ ಪಳಗಿದವ್ರು, ಸೂಟು ತೊಡಿಸಿದ್ದು ಆಮೇಲೆ ಬಂದ ಮ್ಯಾನೇಜರ್ ಎಪ್‌ಸ್ಟೀನ್. ಇತ್ಲಾಗೆ ಸ್ಟೋನ್ಸ್‌ನ ಹಾಡುಗಾರ ಮಿಕ್ ಜಾಗರ್ ಓದ್ತಿದ್ದಿದ್ದು ಲಂಡನ್ ಸ್ಕೂಲ್ ಆಫ್ ಎಕನಾಮಿಕ್ಸ್‌ನಲ್ಲಿ! ಪುಂಡರು ಅನ್ನೋ ಬೋರ್ಡು ತಗಲಿಸಿದ್ದು ಅವರ ಮ್ಯಾನೇಜರ್ ಓಲ್ಡ್‌ಹ್ಯಾಮ್, ಆ ಪುಣ್ಯಾತ್ಮ ಅದಕ್ಕೆ ಮುಂಚೆ ಬೀಟಲ್ಸ್‌ಗೇ ಪ್ರಚಾರದ ಕೆಲಸ ಮಾಡ್ತಿದ್ದೋನು.

ವ್ಯತ್ಯಾಸ ಬೇಕಾ, ಒಂದೇ ಹಾಡು ಸಾಕು. 1963ರಲ್ಲಿ ಬೀಟಲ್ಸ್‌ನ ಲೆನನ್, ಮೆಕಾರ್ಟ್ನಿ ಇಬ್ರೂ ಸ್ಟೋನ್ಸ್ ರಿಹರ್ಸಲ್‌ಗೆ ಹೋಗಿ, ಅರ್ಧಂಬರ್ಧ ಆಗಿದ್ದ 'ಐ ವಾನಾ ಬಿ ಯುವರ್ ಮ್ಯಾನ್' ಹಾಡನ್ನ ಅಲ್ಲೇ ಮೂಲೇಲಿ ಕೂತು ಮುಗಿಸಿ ಕೊಟ್ಟುಬಂದ್ರು, ಶತ್ರುಗಳು ಮಾಡೋ ಕೆಲಸಾನಾ ಇದು? ಸ್ಟೋನ್ಸ್‌ದು ನವೆಂಬರ್ 1ಕ್ಕೆ ಬಂತು, ಮೂರು ವಾರಕ್ಕೆ ಬೀಟಲ್ಸ್ ತಮ್ಮ ಆಲ್ಬಮ್‌ನಲ್ಲೂ ಹಾಕಿದ್ರು. ಬೀಟಲ್ಸ್‌ದ್ರಲ್ಲಿ ಅವ್ರ ಡ್ರಮ್ಮರ್ ರಿಂಗೋ ಹಾಡ್ತಾನೆ, ಹಿಂದಿನಿಂದ ಉಳಿದವ್ರು ಕೂಗ್ತಾರೆ, ಮದುವೆ ಮನೆ ಗದ್ದಲ. ಸ್ಟೋನ್ಸ್‌ದ್ರಲ್ಲಿ ಬ್ರಯಾನ್ ಜೋನ್ಸ್‌ನ ಸ್ಲೈಡ್ ಗಿಟಾರ್ (ತಂತಿ ಮೇಲೆ ಕೊಳವೆ ಜಾರಿಸಿ ನುಡಿಸೋದು) ಗರಗಸದ ಥರ ಕೊಯ್ಕೊಂಡು ಹೋಗತ್ತೆ. ಅದೇ ಹಾಡು, ಅದೇ ಪದ!

ಇನ್ನೊಂದು, ಡ್ರಮ್ಸ್. ಆಮೇಲಿನ ವರ್ಷಗಳ ಕಾನ್ಸರ್ಟ್ ವಿಡಿಯೋದಲ್ಲಿ ಸ್ಟೋನ್ಸ್ ಡ್ರಮ್ಮರ್ ಚಾರ್ಲಿ ವಾಟ್ಸ್ ಬಲಗೈ ಗಮನಿಸಿ, ಎಡಗೈ ಸ್ನೇರ್ ಅನ್ನೋ ಡ್ರಮ್ ಮೇಲೆ ಬೀಳೋ ಹೊತ್ತಿಗೆ ಬಲಗೈ ಹೈ-ಹ್ಯಾಟ್ ಅನ್ನೋ ಜೋಡಿ ತಾಳ ಬಿಟ್ಟು ಮೇಲೆದ್ದುಬಿಡತ್ತೆ, ಆ ಒಂದು ಏಟು ಹೊಡೆಯೋದೇ ಇಲ್ಲ, ಅದಕ್ಕೇ ಸ್ನೇರ್ ಅಷ್ಟು ಬಿಡಿಯಾಗಿ ಕೇಳ್ಸೋದು. ರಿಂಗೋ ಎಡಚ, ಆದ್ರೆ ಬಾರಿಸ್ತಿದ್ದಿದ್ದು ಬಲಗೈಯವ್ರ ಕಿಟ್, ಅವನ ಫಿಲ್‌ಗಳು (ಹಾಡಿನ ಸಾಲುಗಳ ನಡುವೆ ತುಂಬೋ ಬಾರಿಸುವಿಕೆ) ಯಾರ ಥರಾನೂ ಇಲ್ದೆ ಇರೋದು ಅದಕ್ಕೆ.

ಸ್ಟೋನ್ಸ್ ಎಡವಿದ್ದು ಬೀಟಲ್ಸ್ ಥರ ಆಗೋಕೆ ಹೋದಾಗ, 1967ರ ಕೊನೇಲಿ, 'ದೇರ್ ಸೇಟನಿಕ್ ಮೆಜೆಸ್ಟೀಸ್ ರಿಕ್ವೆಸ್ಟ್' ಆಲ್ಬಮ್‌ನಲ್ಲಿ, ಅದನ್ನ ನಾನು ಪೂರ್ತಿ ಕೇಳಿದ್ದು ಎರಡೇ ಸಲ. ಮುಂದಿನ ವರ್ಷ ವಾಪಸ್ ಬ್ಲೂಸ್‌ಗೆ, ಅಂದ್ರೆ ಅಮೆರಿಕದ ಕಪ್ಪು ಜನರ ಸಂಗೀತಕ್ಕೆ ಬಂದ್ರು, 'ಬೆಗರ್ಸ್ ಬ್ಯಾಂಕ್ವೆಟ್' ಆಲ್ಬಮ್, ಅಲ್ಲಿಂದ ಹಿಡಿಯೋಕಾಗ್ಲಿಲ್ಲ ಅವ್ರನ್ನ.

ಮುಂದಿನ ಸಂಚಿಕೇಲಿ ಚಾರ್ಲಿಗೆ ಎರಡು ಪುಟ ಎತ್ತಿಟ್ಟಿದೀನಿ, ಜಾಹೀರಾತಿನವ್ರು ಕಿತ್ಕೊಳ್ದೆ ಇದ್ರೆ.

– ಸಂ.